ಉಪ್ಪಿನ ಬಯಲಿಗೆ ಎರಡು ದಿನದ ದೂರ

ಪುಚೊಂಗ್
12 ಮೇ 2025

ಪ್ರೀತಿಯ ಸರೋಜಕ್ಕ,

ನೀವು ಹೇಳಿದ ಹಾಗೆ ದಪ್ಪ ಮಾರ್ಕರ್ ಪೆನ್ನು ತಂದು ಬರೆಯುತ್ತಿದ್ದೇನೆ. ಪುಟಕ್ಕೆ ಹತ್ತು ಸಾಲು ಕೂಡ ಹಿಡಿಯುತ್ತಿಲ್ಲ. ಅಕ್ಷರ ಕಾಣುತ್ತಿದೆಯಾ? ಕಾಣದಿದ್ದರೆ ಹೇಳಿ, ಇನ್ನೂ ದೊಡ್ಡದು ಮಾಡುತ್ತೇನೆ. ಏಳನೇ ಕ್ಲಾಸಿಗೆ ಎರಡು ಸಲ ಸೇರಿ ಎರಡು ಸಲವೂ ಅರ್ಧಕ್ಕೆ ಬಿಟ್ಟವಳ ಕೈಯಲ್ಲಿ ಕಾಗದ ಬರೆಸುತ್ತಿದ್ದೀರಿ. ತಪ್ಪು ಸಿಕ್ಕರೆ ಪಾಪ ನಿಮ್ಮದು. ಹದಿನೆಂಟು ವರ್ಷ ಎದುರು ಬಾಗಿಲಲ್ಲಿದ್ದು ನನ್ನ ಕನ್ನಡ ತಿದ್ದಿದವರು ನೀವೇ.

ನೀವು ಮಗಳ ಮನೆಗೆ ಪೆನಾಂಗಿಗೆ ಹೋಗಿ ಹತ್ತು ದಿನವಾಯಿತು. ನಿಮ್ಮ ಬಾಗಿಲ ಮುಂದೆ ಈಗ ಯಾರದೋ ಬೂಟು. ಬಯಾನ್ ಲೆಪಾಸಿನ ಆ ಮನೆಯ ಬಚ್ಚಲಲ್ಲಿ ಕಾಲು ಜಾರದ ಮ್ಯಾಟ್ ಹಾಕಿಸಿದ್ದಾರಾ? ಒಲೆಯ ಗುಂಡಿ ಯಾವ ಕಡೆ ತಿರುಗಿದರೆ ಆರುತ್ತದೆ ಎಂದು ಕೈಯಿಂದ ಮುಟ್ಟಿ ನೋಡಿಟ್ಟುಕೊಳ್ಳಿ. ಲಿಫ್ಟಿನ ಒಳಗೆ ಒಬ್ಬರೇ ಹೋಗಬೇಡಿ. ಇದೆಲ್ಲ ಯೋಚಿಸಿ ಯೋಚಿಸಿ ನಿನ್ನೆ ಅನ್ನ ಸೀಯಿಸಿದೆ.

ಇನ್ನೊಂದು ಮಾತು. ಜಯಕರಣ್ಣ ಭಾನುವಾರ ಫೋನ್ ಮಾಡಿದ್ದರು. "ನೀನಿಲ್ಲದಿದ್ದರೆ ನನ್ನ ಹೆಂಡತಿ ಆ ಬೊಲಿವಿಯಾದಿಂದ ಪೆಟ್ಟಿಗೆಯಲ್ಲಿ ಬರುತ್ತಿದ್ದಳು ಮಾರಾಯ್ತಿ" ಅಂದರು. ಏಪ್ರಿಲ್‌ನಲ್ಲಿ ನಾವು ಅರ್ಧಕ್ಕೆ ಬಿಟ್ಟು ಬಂದ ಮೇಲೆ ಹೀಗನ್ನುವುದು ಇದು ನಾಲ್ಕನೇ ಸಲ. ನಾನು "ಊಟ ಆಯ್ತಾ ಅಣ್ಣ" ಎಂದು ಕೇಳಿ ಫೋನ್ ಇಟ್ಟುಬಿಟ್ಟೆ. ಹಾಗೆ ಹೇಳಬೇಡಿ ಎಂದು ನೀವೇ ಅವರಿಗೆ ತಿಳಿಸಿ. ಯಾರಿಗಾದರೂ ಆ ಪ್ರವಾಸದ ಸುದ್ದಿ ಹೇಳುವಾಗ ನನ್ನ ಹೆಸರನ್ನು ಬಿಟ್ಟುಬಿಡಿ.

ಕಣ್ಣಿನ ಇಂಜೆಕ್ಷನ್ ತಪ್ಪಿಸಬೇಡಿ.

ಎದುರು ಮನೆಯವಳು,
ಝುಬೇದಾ


ಬಯಾನ್ ಲೆಪಾಸ್
2 ಜೂನ್ 2025

ಝುಬೇದಾ,

ನಿನ್ನ ಕಾಗದ ಅಂಗಡಿ ಬೋರ್ಡಿನ ಹಾಗಿದೆ. ಚೆನ್ನಾಗಿ ಕಾಣುತ್ತದೆ. ಫೋನಿನ ಬೆಳಕು ಕಣ್ಣಿಗೆ ಚುಚ್ಚುತ್ತದೆ, ಕಾಗದ ಚುಚ್ಚುವುದಿಲ್ಲ. ಫೋನಿನಲ್ಲಿ ಮಾತಾಡೋಣವೆಂದರೆ ಇಲ್ಲಿ ಎಲ್ಲರೂ ಸ್ಪೀಕರ್ ಹಾಕಿ ಹಾಲಿನಲ್ಲಿ ಕೂರಿಸುತ್ತಾರೆ, ಇಡೀ ಮನೆ ಕೇಳುತ್ತದೆ. ಆದ್ದರಿಂದ ಬರೆಯುತ್ತಿರು. ಮ್ಯಾಟ್ ಇದೆ. ಗ್ಯಾಸ್ ಒಲೆ ಇಲ್ಲ, ಕರೆಂಟಿನದು. ಲಿಫ್ಟಿನಲ್ಲಿ ಒಬ್ಬಳೇ ಹೋಗುತ್ತೇನೆ, ನೀನು ಇನ್ನೊಂದು ಸಲ ಅನ್ನ ಸೀಯಿಸು.

ಜಯಕರರ ಬಾಯಿಗೆ ಬೀಗ ಹಾಕಲು ನನ್ನಿಂದಾಗದು. ಅವರಿಗೆ ನೀನು ಈಗ ದೇವರ ಪಕ್ಕದವಳು. ನನಗೆ ಸಿಟ್ಟಿಲ್ಲ ಎಂದು ಬರೆಯಬೇಕೆಂದಿದ್ದೆ. ಸಿಟ್ಟಿದೆ, ಆದರೆ ನಿನ್ನ ಮೇಲಲ್ಲ, ಈ ಮೈಯ ಮೇಲೆ. ನಲವತ್ತು ವರ್ಷ ಮಕ್ಕಳಿಗೆ ಟ್ಯೂಷನ್‌ನಲ್ಲಿ ಭೂಗೋಳ ಹೇಳಿಕೊಟ್ಟೆ. ಆ ಉಪ್ಪಿನ ಬಯಲಿನ ಚಿತ್ರವನ್ನು ಪುಸ್ತಕದಲ್ಲಿ ಎಷ್ಟು ಸಲ ಬೆರಳಿಟ್ಟು ತೋರಿಸಿದೆನೋ. ಕಣ್ಣಿನ ನಡುಭಾಗ ಹೋಗುತ್ತಿದೆ, ವರ್ಷವೋ ಎರಡು ವರ್ಷವೋ ಎಂದು ಡಾಕ್ಟರ್ ಹೇಳಿದ ದಿನವೇ ಹೋಗುವುದು ಅದೊಂದೇ ಕಡೆ ಎಂದು ಮನಸ್ಸು ಮಾಡಿದೆ. ನೀನು ವಿಮಾನಕ್ಕೆ ಹೆದರುವವಳು, ಲಿಫ್ಟಿಗೆ ಹೆದರುವವಳು, ಆದರೂ ನನಗೋಸ್ಕರ ಬಂದೆ. ಮೈ ಕೈಕೊಟ್ಟರೆ ಯಾರೇನು ಮಾಡುವುದು? ಅರವತ್ತೆಂಟು. ಆಕ್ಸಿಜನ್ ಯಂತ್ರದ ಆ ನಂಬರ್ ಕಿವಿಯಲ್ಲೇ ಇದೆ. ಈಗ ಮೂರು ಮೆಟ್ಟಿಲು ಹತ್ತಿದರೆ ಸಮೀಕ್ಷಾ ಬಂದು "ಅಮ್ಮಾ, ಸಿಟ್ ಡೌನ್" ಎನ್ನುತ್ತಾಳೆ. ನಾನೂ ಕೂತುಬಿಡುತ್ತೇನೆ.

ಉಗುರಿನ ಮದರಂಗಿ ಇನ್ನೂ ಹೋಗಿಲ್ಲ. ನಿಮ್ಮ ಹಬ್ಬಕ್ಕೆ ನೀನು ಹಾಕಿದ್ದು. ಕಪ್ಪಾದದ್ದು ಮಾತ್ರ ನನಗೀಗ ಸರಿಯಾಗಿ ಕಾಣುವುದು, ಅದಕ್ಕೇ ಆಗಾಗ ಬೆರಳು ನೋಡಿಕೊಳ್ಳುತ್ತೇನೆ.

ಒಂದು ಕೆಲಸ ಮಾಡು. ಮೊದಲ ದಿನ ಜೀಪಿನಲ್ಲಿ ಏನೇನು ನೋಡಿದೆವು ಎಂಬುದನ್ನು ಬರೆದು ಕಳಿಸು. ನಾನು ನೋಡಿದ್ದೆಷ್ಟು, ಅಂದುಕೊಂಡದ್ದೆಷ್ಟು ಎಂದು ಬೇರೆ ಮಾಡಿಕೊಳ್ಳಬೇಕು.

ನಿನ್ನ ಟೀಚರ್,
ಸರೋಜಿನಿ


ಪುಚೊಂಗ್
29 ಜೂನ್ 2025

ಸರೋಜಕ್ಕ,

ಬರೆಯಲು ತಡವಾಯಿತು. ನಾಲ್ಕು ಸಲ ಬರೆದು ಹರಿದೆ.

ಬೆಳಿಗ್ಗೆ ಆರಕ್ಕೆ ಹೊರಟೆವು. ಪೆಟಾಲಿಂಗ್ ಜಯಾದಿಂದ ಹೋದ ನಾವು ಹನ್ನೊಂದು ಜನ, ಮೂರು ಜೀಪು. ನಮ್ಮನ್ನು ಕರೆದುಕೊಂಡು ಹೋದ ಶರಣ್ ಮುಂದಿನ ಸೀಟಿನಲ್ಲಿ ಕೂತು ಮೂರು ದಿನದ ಲೆಕ್ಕ ಹೇಳಿದ. ಇವತ್ತು ಕೆರೆಗಳು, ನಾಳೆ ಕಲ್ಲಿನ ಮರುಭೂಮಿ, ನಾಡಿದ್ದು ಸೂರ್ಯ ಹುಟ್ಟುವ ಹೊತ್ತಿಗೆ ಉಪ್ಪಿನ ಬಯಲು. ಬೊಲಿವಿಯಾದ ಗಡಿ ದಾಟಿದ ಮೇಲೆ ಡಾಂಬರು ನಿಂತಿತು. ಡ್ರೈವರ್ ಅಗಿಯಲು ಕೋಕಾ ಗಿಡದ ಒಣ ಎಲೆ ಕೊಟ್ಟ. ಎತ್ತರಕ್ಕೆ ಒಳ್ಳೆಯದು, ಅಲ್ಲಿ ಎಲ್ಲರೂ ಅಗಿಯುತ್ತಾರೆ ಎಂದ. ನನಗೆ ನಮ್ಮ ಏರ್‌ಪೋರ್ಟಿನ ಮಾದಕ ವಸ್ತುವಿನ ಬೋರ್ಡು ನೆನಪಾಗಿ, ಬೇಡವೆಂದು ಕೈಯನ್ನೂ ಒರೆಸಿಕೊಂಡೆ. ನೀವು ಎರಡು ಎಲೆ ಬಾಯಿಗೆ ಹಾಕಿ "ಉಪ್ಪಿಲ್ಲದ ಹುಣಸೆ ಚಿಗುರಿನ ಹಾಗಿದೆ" ಅಂದಿರಿ.

ಮೊದಲು ಬಿಳಿ ಕೆರೆ, ಆಮೇಲೆ ಹಸಿರು ಕೆರೆ. ಹಸಿರೆಂದರೆ ಪಾಚಿಯ ಹಸಿರಲ್ಲ, ಗಾಜಿನ ಬಳೆಯ ಹಸಿರು. ಹಿಂದೆ ಒಂಟಿ ಬೆಟ್ಟ, ತುದಿಯಲ್ಲಿ ಹಿಮ. ಅಲ್ಲಿಂದ ಮುಂದೆ ಒಂದು ಗಿಡವೂ ಇಲ್ಲ. ಬೆಟ್ಟಗಳು ಮೆಣಸಿನ ಪುಡಿ, ಅರಿಶಿನ, ಧನಿಯಾ ರಾಶಿ ಹಾಕಿದ ಹಾಗೆ. ನೀವು ಕತ್ತು ಓರೆ ಮಾಡಿ ನೋಡುತ್ತಿದ್ದಿರಿ. ನಡುವೆ ಬೂದಿ, ಅಂಚಿನಲ್ಲಿ ಬಣ್ಣ ಕಾಣುತ್ತದೆ ಎಂದಿರಿ. "ಕೋಳಿ ನೋಡುವ ಹಾಗೆ ನೋಡುತ್ತೀರಿ" ಅಂದೆ. "ಕೋಳಿಗೆ ಟಿಕೆಟ್ ಅರ್ಧ, ಶರಣ್‌ಗೆ ಹೇಳು" ಅಂದಿರಿ. ಜೀಪಿನವರೆಲ್ಲ ಯಾಕೆ ನಗುತ್ತೀರಿ ಎಂದು ಕೇಳಿದರು.

ಮಧ್ಯಾಹ್ನ ನೆಲದಿಂದ ಹಬೆ ಏಳುವ ಜಾಗ. ಮೊಟ್ಟೆ ಕೊಳೆತ ವಾಸನೆ, ಬೂದು ಕೆಸರು ಕುದಿಯುವ ಸದ್ದು. ಅದು ಎಲ್ಲಕ್ಕಿಂತ ಎತ್ತರ ಎಂದು ಶರಣ್ ಹೇಳಿದ ಮೇಲೆ ನನಗೆ ಎದೆ ಬಡಿಯುವುದು ಕಿವಿಯಲ್ಲಿ ಕೇಳತೊಡಗಿತು. ಸುತ್ತ ಎಲ್ಲೂ ಊರಿಲ್ಲ, ಆಸ್ಪತ್ರೆ ಇಲ್ಲ, ಮಸೀದಿ ಇಲ್ಲ. ಇಲ್ಲಿ ಸತ್ತರೆ ಮೈ ತೊಳೆಯುವವರು ಯಾರು ಎಂದು ಒಂದೇ ಯೋಚನೆ. ನೀವು ನನ್ನ ಕೈಯನ್ನು ನಿಮ್ಮ ಕೋಟಿನ ಜೇಬಿನೊಳಗೆ ಇಟ್ಟುಕೊಂಡಿರಿ. ಹಾಗೆಯೇ ಕೆಂಪು ಕೆರೆಯವರೆಗೆ ಬಂದೆವು. ಗುಲಾಬಿ ಕೊಕ್ಕರೆಗಳು ಸಾವಿರ ಇದ್ದವು. ನೀವು ಅವನ್ನು ಕಂಡಿರಾ ಇಲ್ಲವಾ, ನಾನು ಕೇಳಲಿಲ್ಲ.

ಆಮೇಲೆ ಸಂಜೆ ಛತ್ರದಂಥ ಆ ಮನೆ. ಆಮೇಲೆ ಯಂತ್ರ. ಅದು ನಿಮಗೆ ಗೊತ್ತೇ ಇದೆ.

ಝುಬೇದಾ


ಬಯಾನ್ ಲೆಪಾಸ್
14 ಸೆಪ್ಟೆಂಬರ್ 2025

ಝುಬೇದಾ,

ಇದು ನಾನು ಹೇಳಿ ಜಯಕರರು ಬರೆಯುತ್ತಿರುವುದು. ಎಡಗಣ್ಣು ಜುಲೈಯಲ್ಲಿ ಪೂರ್ತಿ ಮಸುಕಾಯಿತು, ಈಗ ನಿನ್ನ ಅಂಗಡಿ ಬೋರ್ಡೂ ಕಾಣುವುದಿಲ್ಲ. ಇನ್ನು ಮೇಲೆ ನೀನು ಸಣ್ಣ ಪೆನ್ನಿನಲ್ಲಿ ಬರೆದರೂ ಸರಿ, ಓದಿ ಹೇಳುವವರು ಇವರೇ. ಸಮೀಕ್ಷಾಳಿಗೆ ಕನ್ನಡ ಕೇಳಿದರೆ ತಿಳಿಯುತ್ತದೆ, ಓದಲು ಬಾರದು. ಊರಿಗೆಲ್ಲ ಕಲಿಸಿ ಮಗಳಿಗೆ ಕಲಿಸದೆ ಬಿಟ್ಟೆ.

ಸುದ್ದಿ ಕೇಳು. ಸಮೀಕ್ಷಾಳಿಗೆ ಫೆಬ್ರವರಿಯಲ್ಲಿ ಎರಡು ವಾರ ರಜೆ ಇದೆ. "ಅಮ್ಮಾ, ಐ ವಿಲ್ ಟೇಕ್ ಯೂ, ಕಣ್ಣು ಇರುವಾಗಲೇ ಉಪ್ಪಿನ ಬಯಲಿಗೆ ಹೋಗುವ" ಎಂದಳು. ಬಲಗಣ್ಣು ಅಷ್ಟು ಹೊತ್ತಿಗೆ ಇದ್ದರೂ ಇರಬಹುದು. ಹೆಸರು ಕೊಡಲು ಅಕ್ಟೋಬರ್ ಕೊನೆಯವರೆಗೆ ಸಮಯ. ಆದರೆ ಇವರು ಬೇಡವೆನ್ನುತ್ತಾರೆ. ಅರವತ್ತೆಂಟು ಬಂದವಳು ಎರಡನೇ ಸಲ ಹೋದರೆ ತಿರುಗಿ ಬರುತ್ತಾಳಾ ಎನ್ನುತ್ತಾರೆ. ಬರೀರಿ, ನೀವು ಹೇಳಿದ್ದನ್ನೂ ಬರೀರಿ.

(ಬರೆದೆ. ನಾನು ಹೇಳಿದ್ದು ಸರಿಯೇ. ಜಯಕರ.)

ನನಗೂ ಧೈರ್ಯವಿಲ್ಲ ಝುಬೇದಾ. ಯಂತ್ರ ಸುಳ್ಳು ಹೇಳುತ್ತದಾ? ಬೇಡ ಎಂದು ಮಗಳಿಗೆ ಹೇಳಿಬಿಡಬೇಕೆಂದಿದ್ದೇನೆ. ನೀನು ಪಕ್ಕದಲ್ಲಿದ್ದು ನೋಡಿದವಳು. ನಿನಗೇನನ್ನಿಸುತ್ತದೆ, ಬರಿ.

ಸರೋಜಿನಿ

ತಂಗಿ, ಹೋಗಬೇಡಿ ಎಂದು ನೀನೊಂದು ಮಾತು ಬರೆದರೆ ಸಾಕು. ನನ್ನ ಮಾತಿಗಿಂತ ನಿನ್ನ ಮಾತಿಗೆ ಬೆಲೆ. ಜಯಕರ.


ಪುಚೊಂಗ್
5 ಅಕ್ಟೋಬರ್ 2025

ಸರೋಜಕ್ಕ,

ಜಯಕರಣ್ಣ ಇದನ್ನು ಓದಿ ಹೇಳುತ್ತಾರೆ ಎಂದು ಗೊತ್ತಿದ್ದೂ ಬರೆಯುತ್ತಿದ್ದೇನೆ. ಅಣ್ಣ, ಒಂದು ಸಾಲೂ ಬಿಡದೆ ಓದಿ.

ಆ ಸಂಜೆ ಇನ್ನೂ ಬಿಸಿಲಿತ್ತು. ಶರಣ್ ಎಲ್ಲರನ್ನೂ ಬೆಂಚಿನ ಮೇಲೆ ಕೂರಿಸಿ ಬೆರಳಿಗೆ ರಕ್ತದ ಆಕ್ಸಿಜನ್ ನೋಡುವ ಯಂತ್ರ ಕಚ್ಚಿಸುತ್ತಾ ಬಂದ. ಎಪ್ಪತ್ತೈದಕ್ಕಿಂತ ಕಡಿಮೆ ಬಂದವರನ್ನು ಮಾರನೆಯ ಬೆಳಿಗ್ಗೆ ಕೆಳಗೆ ಕಳಿಸುವುದು ಅವರ ನಿಯಮ. ನನಗೆ ಎಂಬತ್ತನಾಲ್ಕು ಬಂತು. ನಿಮಗೆ ಅರವತ್ತೆಂಟು. ಇನ್ನೊಂದು ಬೆರಳಿಗೆ ಅರವತ್ತಾರು. ಮೂರನೆಯದಕ್ಕೆ ನಂಬರೇ ಬರಲಿಲ್ಲ.

ನಿಮ್ಮ ಹತ್ತು ಬೆರಳ ತುದಿಗೂ ಮೆಹಂದಿ ಇತ್ತು. ಈದ್ ದಿನ ನಮ್ಮ ಮನೆಯಲ್ಲಿ ಬಿರಿಯಾನಿ ತಿಂದು "ನನಗೂ ಹಾಕು, ತುದಿ ಪೂರ್ತಿ ಮುಳುಗಿಸು, ಕಪ್ಪಗೆ ಕಾಣಬೇಕು" ಎಂದಿರಿ. ನಾನು ಅಂಗಡಿಯ ಕಪ್ಪು ಕೋನ್ ತಂದು ಉಗುರಿನ ಮೇಲೂ ಕೆಳಗೂ ಎರಡು ಸಲ ಬಳಿದೆ. ಕಾಶಿಫನ ಅಬ್ಬಾ ತೀರಿಹೋದ ಮೇಲೆ ನಾನು ಹಾಕಿಕೊಳ್ಳುವುದಿಲ್ಲ, ನನ್ನ ಬೆರಳು ಬರಿದಾಗಿತ್ತು.

ಮೆಹಂದಿ ಹಾಕಿದ ಬೆರಳಲ್ಲಿ ಆ ಯಂತ್ರ ತಪ್ಪು ತೋರಿಸುತ್ತದೆ ಎಂದು ನನಗೆ ಗೊತ್ತಿತ್ತು. ಕೋವಿಡ್ ಕಾಲದಲ್ಲಿ, ನಾನಿನ್ನೂ ಹಾಕಿಕೊಳ್ಳುತ್ತಿದ್ದಾಗ, ಜ್ವರ ಬಂದು ಇಲ್ಲಿನ ಕ್ಲಿನಿಕ್ಕಿನಲ್ಲಿ ಹೀಗೆಯೇ ಆಗಿತ್ತು. ನರ್ಸ್ ಮೆಹಂದಿ ನೋಡಿ ನಕ್ಕು, "ಆಂಟಿ, ಇನಾಯ್ ಇದ್ದರೆ ಮಿಷನ್‌ಗೆ ಕಾಣಲ್ಲ ಲಾ" ಎಂದು ಕಾಲಿನ ಹೆಬ್ಬೆರಳಿಗೆ ಹಾಕಿದ್ದಳು. ತೊಂಬತ್ತೇಳು ಬಂದಿತ್ತು.

ಶರಣ್ ನನ್ನ ಮುಖ ನೋಡಿ ಕೇಳಿದ, "ಆಂಟಿ, ಇವರಿಗೆ ಮೊದಲಿಂದ ಹೀಗೇನಾ?" ಬಾಯಿ ತೆಗೆದರೆ ಒಂದು ಮಾತು. ಷೂ ಬಿಚ್ಚಿಸಿ ಕಾಲಿಗೆ ಹಾಕಿ ಎಂದರೆ ಮುಗಿಯುತ್ತಿತ್ತು. ಆದರೆ ಹೊರಗೆ ಗಾಳಿ ತಗಡು ಬಡಿಯುತ್ತಿತ್ತು, ನನ್ನ ಎದೆ ಅದಕ್ಕಿಂತ ಜೋರಾಗಿ ಬಡಿಯುತ್ತಿತ್ತು. ಇನ್ನೂ ಎರಡು ದಿನ ಅಲ್ಲಿ ಇರಲು ನನ್ನಿಂದ ಆಗುತ್ತಿರಲಿಲ್ಲ. ನನಗೆ ಹೆದರಿಕೆ, ಕೆಳಗೆ ಕಳಿಸಿ ಎಂದರೆ ನೀವು ನಗುತ್ತೀರಿ, ಅಥವಾ ನಗದೆ ನನ್ನ ಜೊತೆ ಹೊರಟುಬಿಡುತ್ತೀರಿ. ಎರಡೂ ಬೇಡವಾಗಿತ್ತು. "ಹೌದಪ್ಪ, ಮನೆಯಲ್ಲಿ ಮೆಟ್ಟಿಲು ಹತ್ತಿದರೂ ಅವರಿಗೆ ದಮ್ಮು" ಎಂದೆ. ನಿಮಗೆ ಯಾವತ್ತೂ ದಮ್ಮು ಇರಲಿಲ್ಲ. ಪುಚೊಂಗಿನ ಎಲ್‌ಆರ್‌ಟಿ ರೈಲು ನಿಲ್ದಾಣದ ಮೆಟ್ಟಿಲಲ್ಲಿ ನನ್ನನ್ನು ಎಳೆದುಕೊಂಡು ಹೋಗುತ್ತಿದ್ದವರು ನೀವು.

ನೀವು ನನ್ನ ಕಡೆ ತಿರುಗಿದಿರಿ. ಮುಖ ಕಾಣದೆ ಕಿವಿಯ ಹತ್ತಿರ ಎಲ್ಲೋ ನೋಡುತ್ತಾ, "ಹೌದಾ? ನನಗೇ ಗೊತ್ತಾಗಿರಲಿಲ್ಲ ನೋಡು" ಎಂದಿರಿ. ನೀವು ನನ್ನ ಮಾತನ್ನು ನಂಬಿದಿರಿ. ಬೆಳಿಗ್ಗೆ ಉಳಿದ ಜೀಪುಗಳು ಬಲಕ್ಕೆ ಹೋದವು, ನಮ್ಮದು ಬಂದ ದಾರಿಗೆ ತಿರುಗಿತು. ಕೆಳಗಿನ ಊರು ಸೇರುವವರೆಗೆ ನೀವು ಕಿಟಕಿಗೆ ಹಣೆ ಒತ್ತಿ ಕೂತಿದ್ದಿರಿ. ಇಳಿದ ಹಾಗೆಲ್ಲ ನನಗೆ ಉಸಿರು ಹಗುರಾಯಿತು. ಅದು ಹಗುರಾದದ್ದೇ ನನ್ನ ದೊಡ್ಡ ತಪ್ಪು ಎಂದು ಈಗ ಅನ್ನಿಸುತ್ತದೆ.

ನಾನು ನಿಮ್ಮ ಜೀವ ಉಳಿಸಲಿಲ್ಲ. ನಿಮ್ಮ ಮೈ ಕೈಕೊಡಲಿಲ್ಲ. ನೀವು ಹೋಗಿ. ಡಾಕ್ಟರಿಗೆ ತೋರಿಸಿ, ಬರಿಯ ಬೆರಳಿಗೆ ಯಂತ್ರ ಹಾಕಿಸಿ, ಅವರು ಸರಿ ಎಂದರೆ ಹೋಗಿ.

ಮುಖ ತೋರಿಸಲಾಗದ,
ಝುಬೇದಾ


ಬಯಾನ್ ಲೆಪಾಸ್
13 ಅಕ್ಟೋಬರ್ 2025

ತಂಗಿ ಝುಬೇದಾ,

ನಿನ್ನ ಕಾಗದ ಬಂತು. ನಾನು ಮೊದಲು ಒಬ್ಬನೇ ಓದುವುದು ರೂಢಿ. ಎಲ್ಲಿ ನಿಲ್ಲಿಸಬೇಕು, ಎಲ್ಲಿ ದೊಡ್ಡದಾಗಿ ಓದಬೇಕು ಎಂದು ನೋಡಿಕೊಳ್ಳುತ್ತೇನೆ. ಕಾರ್ ಪಾರ್ಕಿನಲ್ಲಿ ನಿಂತು ಎರಡು ಸಲ ಓದಿದೆ.

ಸರೋಜಿನಿಗೆ ಓದಿ ಹೇಳಲಿಲ್ಲ. ಝುಬೇದಾ ಆರಾಮ, ಮಗ ಕಾಶಿಫನಿಗೆ ಕೆಲಸ ಜಾಸ್ತಿಯಂತೆ ಎಂದು ನಾನೇ ಕಟ್ಟಿ ಹೇಳಿದೆ. "ಫೆಬ್ರವರಿ ವಿಷಯ ಏನೂ ಬರೆದಿಲ್ಲವಾ?" ಎಂದು ಕೇಳಿದಳು. ಇಲ್ಲ ಎಂದೆ.

ನಿನ್ನ ಮೇಲೆ ಸಿಟ್ಟು ಬರಬೇಕಿತ್ತು. ಬರಲಿಲ್ಲ. ಯಾಕೆಂದರೆ ನೀವು ಅರ್ಧದಿಂದ ತಿರುಗಿದ್ದೀರಿ ಎಂದು ಏಪ್ರಿಲ್‌ನಲ್ಲಿ ಫೋನ್ ಬಂದಾಗ ನನಗೆ ಸಂತೋಷವಾಗಿತ್ತು. ಅವಳಿಗೆ ಏನಾಗಿದೆ ಎಂದು ಕೇಳುವ ಮೊದಲೇ ಸಂತೋಷವಾಗಿತ್ತು. ನಾನು ಹೋಗಬೇಡ ಎಂದದ್ದನ್ನು ಕೇಳದೆ ಹೋದವಳು. ಈಗ ಕೂತುಕೋ ಎಂದರೆ ಕೂರುತ್ತಾಳೆ. ಕಣ್ಣಿಲ್ಲದವಳು ಬೀಳದೆ ಇರಲಿ ಎಂದು ನಾನು ಬಯಸಿದರೆ ಅದರಲ್ಲಿ ಎಂತ ತಪ್ಪು?

ಇದನ್ನು ಇಲ್ಲಿಗೇ ಬಿಡುವ. ನೀನು ನನ್ನ ಹತ್ತಿರ ಹೇಳಿದ್ದೀ, ಭಾರ ಇಳಿಯಿತು ಎಂದುಕೋ. ತಿಂಗಳ ಕೊನೆ ದಾಟಿದರೆ ಆ ಮಾತೇ ಮುಗಿಯುತ್ತದೆ. ಕಾಗದ ನನ್ನ ಹತ್ತಿರವೇ ಭದ್ರವಾಗಿದೆ.

ಜಯಕರ


ಪುಚೊಂಗ್
18 ಅಕ್ಟೋಬರ್ 2025

ಜಯಕರಣ್ಣ,

ನಿಮ್ಮ ಕಾಗದ ಓದಿ ಮೊದಲು ಬದುಕಿದೆ ಎನ್ನಿಸಿತು. ಆ ದಿನ ಸಂಜೆ ಮಾಮಕ್ ಹೋಟೆಲಿಗೆ ಹೋಗಿ ರೊಟಿ ಚನಾಯ್ ತಿಂದೆ, ಆರು ತಿಂಗಳ ಮೇಲೆ ಹೊಟ್ಟೆ ತುಂಬ. ತಿಂದು ಕೈ ತೊಳೆಯುವಾಗ ಗೊತ್ತಾಯಿತು, ಜೀಪು ಕೆಳಗಿಳಿಯುವಾಗಲೂ ನನಗೆ ಹೀಗೆಯೇ ಹಗುರಾಗಿತ್ತು.

ಅವರು ಬೀಳಬಾರದೆಂದು ನೀವು ನೋಡಿಕೊಳ್ಳುತ್ತೀರಿ, ಅದು ಸರಿ. ಆದರೆ ಅವರು ಈಗ ಕೂತಿರುವುದು ಕಣ್ಣಿಲ್ಲದ್ದಕ್ಕಲ್ಲ ಅಣ್ಣ, ನಾನು ಹೇಳಿದ ಸುಳ್ಳಿಗೆ. ನಿಮ್ಮ ಹತ್ತಿರ ಹೇಳಿದರೆ ಅವರ ಹತ್ತಿರ ಹೇಳಿದ ಹಾಗಾಗುವುದಿಲ್ಲ.

25ರ ಶನಿವಾರ ಬೆಳಗಿನ ಬಸ್ಸಿಗೆ ಬರುತ್ತಿದ್ದೇನೆ. ಕಾಶಿಫ್ ಟಿಕೆಟ್ ಮಾಡಿಕೊಟ್ಟಿದ್ದಾನೆ. ನೀವು ಕರೆಯಲು ಬರದಿದ್ದರೆ ಟ್ಯಾಕ್ಸಿ ಹಿಡಿಯುತ್ತೇನೆ. ನೀವು ಬೇಕಾದರೆ ಆ ಹೊತ್ತು ಹೊರಗೆ ಹೋಗಿ. ಇದ್ದರೂ ಸರಿ.

ನಿಮ್ಮ ತಂಗಿ,
ಝುಬೇದಾ


ಪುಚೊಂಗ್
30 ನವೆಂಬರ್ 2025

ಸರೋಜಕ್ಕ,

ಅಂದು ನಿಮ್ಮಲ್ಲಿಂದ ಹೊರಟ ಬಸ್ಸು ರಾತ್ರಿ ಹತ್ತಕ್ಕೆ ಸುಖವಾಗಿ ಇಲ್ಲಿಗೆ ತಲುಪಿತು. ಅದನ್ನು ತಿಳಿಸಲು ಒಂದು ತಿಂಗಳು ಬೇಕಾಯಿತು. ನೀವು ಹೆಸರು ಕೊಟ್ಟಿರಿ ಎಂದು ಜಯಕರಣ್ಣ ಫೋನಿನಲ್ಲಿ ಹೇಳಿದರು. ಮೆಟ್ಟಿಲು ಹತ್ತುವ ಅಭ್ಯಾಸ ಮಾಡುತ್ತಿದ್ದೀರಂತೆ, ನಿಧಾನ. ಮತ್ತೇನೂ ಬರೆಯುವುದಿಲ್ಲ. ನೀವು ಬರೆಯಿರಿ ಎಂದೂ ಕೇಳುವುದಿಲ್ಲ.

ಝುಬೇದಾ


ಬಯಾನ್ ಲೆಪಾಸ್
24 ಫೆಬ್ರವರಿ 2026

ಝುಬೇದಾ,

ಇದು ನಾನೇ ಬರೆಯುತ್ತಿರುವುದು. ಸಾಲಿನ ಮೇಲೆ ಸಾಲು ಬಿದ್ದಿದ್ದರೆ ಬಿಡಿಸಿಕೊಂಡು ಓದು. ಸಮೀಕ್ಷಾ ಸಾಲಿನ ಕೆಳಗೆ ಸ್ಕೇಲ್ ಇಟ್ಟುಕೊಟ್ಟಿದ್ದಾಳೆ.

ಅಕ್ಟೋಬರ್‌ನಲ್ಲಿ ನೀನು ಹೇಳಿ ಮುಗಿಸಿದ ಮೇಲೆ ನಾನು ಒಳಗೆ ಹೋಗಿ ಬಾಗಿಲು ಹಾಕಿಕೊಂಡೆ. ನೀನು ಸಂಜೆಯವರೆಗೆ ಹಾಲಿನಲ್ಲಿ ಕೂತಿದ್ದೆ ಎಂದು ಆಮೇಲೆ ತಿಳಿಯಿತು. ಜಯಕರರು ಹೇಳಲಿಲ್ಲ, ನಿನ್ನ ಕಾಗದ ಮುಚ್ಚಿಟ್ಟದ್ದಕ್ಕೆ ಅವರ ಜೊತೆ ನಾನು ವಾರವಿಡೀ ಮಾತಾಡಲಿಲ್ಲ. ನಿಮ್ಮಿಬ್ಬರಲ್ಲಿ ಯಾರ ಮೇಲೆ ಹೆಚ್ಚು ಸಿಟ್ಟು ಎಂದು ತೂಗಿ ನೋಡಿದೆ. ನೀನು ಹೆದರಿ ಹೇಳಿದ್ದು ಒಂದು ಸುಳ್ಳು. ಆ ನಂಬರನ್ನು ತಿಂಗಳುಗಟ್ಟಲೆ ನಂಬಿ ಕೂತವಳು ನಾನು. ನನ್ನ ಉಸಿರು ನನಗೆ ಗೊತ್ತಿರಬೇಕಿತ್ತಲ್ಲ?

ಹೋಗಿ ಬಂದೆವು. ಕೆಂಪು ಕೆರೆಯ ಅದೇ ಮನೆ, ಅದೇ ಬೆಂಚು. ಯಂತ್ರ ಹಾಕಿದರು. ಎಂಬತ್ತೈದು. ನಿನಗಿಂತ ಒಂದು ಹೆಚ್ಚು.

ಮೂರನೇ ದಿನ ಬೆಳಿಗ್ಗೆ ಜೀಪು ನಿಂತಿತು. ಸಮೀಕ್ಷಾ ಕೈ ಹಿಡಿದು ಇಳಿಸಿದಳು. ಕಾಲ ಕೆಳಗೆ ಪಾದ ಮುಳುಗುವಷ್ಟು ನೀರು, ಅದರಡಿ ಉಪ್ಪು, ಗರಗರ ಎನ್ನುತ್ತಿತ್ತು. ಬಗ್ಗಿ ಬೆರಳು ಅದ್ದಿ ನೆಕ್ಕಿದೆ, ಬಾಯಿ ಕಹಿಯಾಯಿತು. "ಅಮ್ಮಾ, ಮೋಡ ಕೆಳಗೂ ಇದೆ, ಮೇಲೂ ಇದೆ, ಕ್ಯಾನ್ ಯೂ ಸೀ?" ಎಂದಳು. ಕಾಣುತ್ತದೆ ಎಂದೆ. ಅವಳು ಅಷ್ಟು ದೂರ ಕರೆದುಕೊಂಡು ಬಂದಿದ್ದಳು.

ನಿನಗೆ ಹಾಗೆ ಹೇಳುವುದಿಲ್ಲ. ಡಿಸೆಂಬರಿನಲ್ಲಿ ಬಲಗಣ್ಣೂ ಹೋಯಿತು. ಕತ್ತು ಓರೆ ಮಾಡಿದೆ, ಇನ್ನೊಂದು ಕಡೆ ಓರೆ ಮಾಡಿದೆ. ಬರಿಯ ಬಿಳುಪು. ಅದು ಉಪ್ಪೋ, ಆಕಾಶವೋ, ನನ್ನ ಕಣ್ಣೋ ಹೇಳಲಾರೆ. ಏಪ್ರಿಲ್‌ನಲ್ಲಾದರೆ ಅಂಚಾದರೂ ಕಾಣುತ್ತಿತ್ತು. ಇದನ್ನು ನಾನು ಮನೆಯಲ್ಲಿ ಯಾರಿಗೂ ಹೇಳಿಲ್ಲ, ನಿನಗೊಬ್ಬಳಿಗೇ ಬರೆಯುತ್ತಿದ್ದೇನೆ. ನೀನು ತಿಳಿದಿರಬೇಕು.

ಕ್ಷಮಿಸಿದ್ದೇನೆ ಎಂದು ಬರಿ ಎಂದು ಸಮೀಕ್ಷಾ ಪಕ್ಕದಲ್ಲಿ ಕೂತು ಹೇಳುತ್ತಿದ್ದಾಳೆ. ನಾನು ಏನು ಬರೆದೆ ಎಂದು ಅವಳಿಗೆ ಓದಲು ಬಾರದು. ಬರೆದಿಲ್ಲ.

ಮಾರ್ಚ್ ಐದು ಗುರುವಾರ ಆಸ್ಪತ್ರೆಗೆ ಹೋಗಬೇಕು. ಇರುವ ಮಸುಕು ಬೆಳಕನ್ನಾದರೂ ಉಳಿಸಲು ಎರಡೂ ಕಣ್ಣಿಗೆ ಇಂಜೆಕ್ಷನ್. ಜಯಕರರು ಊರಿಗೆ ಹೋಗಿದ್ದಾರೆ, ಸಮೀಕ್ಷಾಳಿಗೆ ಫ್ಯಾಕ್ಟರಿಯಲ್ಲಿ ರಜೆ ಮುಗಿದಿದೆ. ನೀನು ಬುಧವಾರವೇ ಬಂದು ಉಳಿದುಕೋ. ನಿನಗೆ ರೋಜಾ ಉಪವಾಸ ಇರುತ್ತದೆ ಎಂದು ಗೊತ್ತು, ಸಂಜೆ ಬಿಡಲು ಖರ್ಜೂರ ತರಿಸಿಡುತ್ತೇನೆ. ಸೂಜಿ ಚುಚ್ಚುವಾಗ ತಲೆ ಅಲುಗಬಾರದಂತೆ, ಪಕ್ಕದಲ್ಲಿ ಒಬ್ಬರು ಕೈ ಹಿಡಿದು ನಿಲ್ಲಬೇಕು. ಅಳುವುದಿದ್ದರೆ ಬಸ್ಸಿನಲ್ಲೇ ಅತ್ತು ಮುಗಿಸಿಕೊಂಡು ಬಾ. ಹಿಡಿದ ಕೈ ನಡುಗಬಾರದು.

ಸರೋಜಿನಿ